ತೊಟ್ಟಿಯ ಬೆಳಕು

ನನ್ನ ತವರು ತೊಟ್ಟಿಮನೆ. ತೊಟ್ಟಿಯ ಅಂಚಿನಲ್ಲಿ ಮೊರ ಇಟ್ಟುಕೊಂಡು ಅಜ್ಜಿ ಅಕ್ಕಿ ಆರಿಸುತ್ತಿದ್ದಳು. ಬಿಸಿಲು ನೆತ್ತಿಗೇರುವ ಮೊದಲು ಅಲ್ಲಿಳಿಯುತ್ತಿದ್ದ ಬೆಳಕಿಗೆ ನೆರಳೇ ಇರಲಿಲ್ಲ. ಕಲ್ಲು, ನುಚ್ಚು ಎಲ್ಲವೂ ಕಣ್ಣಿಗೆ ನಿಚ್ಚಳ.

ಆ ಬೆಳಕನ್ನು ನಾನು ಮತ್ತೆ ಕಂಡದ್ದು ಸತ್ಯಜಿತ್ ರಾಯ್ ಅವರ ‘ಅಪರಾಜಿತೋ’ (1956) ಚಿತ್ರದಲ್ಲಿ, ಕಾಶಿಯ ಮನೆಯೊಂದರ ಅಂಗಳದಲ್ಲಿ. ಅದು ಕಾಶಿಯೂ ಅಲ್ಲ, ಸೂರ್ಯನ ಬೆಳಕೂ ಅಲ್ಲ, ಕಲ್ಕತ್ತೆಯ ಸ್ಟುಡಿಯೋ ಎಂದು ಓದಿ ತಿಳಿದಾಗ ಬೆರಗಾದೆ.

ಆ ಬೆಳಕು ತಂದವರು ಸುಬ್ರತ ಮಿತ್ರ. 1930ರಲ್ಲಿ ಹುಟ್ಟಿದವರು. ಫ್ರಾನ್ಸಿನ ಜಾನ್ ರೆನ್ವಾರ್ ‘ದಿ ರಿವರ್’ ಚಿತ್ರೀಕರಣಕ್ಕೆ ಬಂಗಾಳಕ್ಕೆ ಬಂದಾಗ ಈ ಹುಡುಗ ಪಕ್ಕದಲ್ಲಿ ನಿಂತು ದೀಪಗಳನ್ನು ಎಲ್ಲೆಲ್ಲಿಟ್ಟರೆಂದು ಚಿತ್ರ ಬರೆದುಕೊಂಡ. ಕಲಿಕೆಯೆಂದರೆ ಅಷ್ಟೇ. 1952ರಲ್ಲಿ ‘ಪಥೇರ್ ಪಾಂಚಾಲಿ’ ಶುರುವಾದಾಗ ರಾಯ್ ಕ್ಯಾಮೆರಾ ಒಪ್ಪಿಸಿದ್ದು 22ರ ಈ ಹೊಸಬನಿಗೆ. ನಿರ್ಮಾಪಕರು ಯಾರೂ ಒದಗದೆ ರಾಯ್ ಪತ್ನಿ ಬಿಜೊಯಾ ಅವರ ಒಡವೆಗಳು ಗಿರವಿಗೆ ಹೋದವು. ಕೊನೆಗೆ ಬಂಗಾಳ ಸರ್ಕಾರದ ಹಣದಿಂದ ಚಿತ್ರ ಮುಗಿದು ತೆರೆಗೆ ಬಂದದ್ದು 1955ರಲ್ಲಿ.

ಆಗ ಸ್ಟುಡಿಯೋಗಳಲ್ಲಿ ದೀಪವನ್ನು ನೇರ ಮುಖಕ್ಕೇ ಹಿಡಿಯುತ್ತಿದ್ದರು. ಗೋಡೆಯ ಮೇಲೆಲ್ಲ ನೆರಳು. ಕಾಶಿಯ ಅಂಗಳದಲ್ಲಿ ಹಾಗಿರುವುದಿಲ್ಲವಲ್ಲ ಎಂಬುದೇ ಮಿತ್ರರ ಚಿಂತೆ. ಬಂಶಿ ಚಂದ್ರಗುಪ್ತ ಕಟ್ಟಿದ ಸೆಟ್ಟಿನ ಮೇಲೆ ಆಕಾಶದ ತುಂಡಿನಂತೆ ಬಿಳಿಬಟ್ಟೆ ಬಿಗಿಸಿದರು. ದೀಪಗಳನ್ನು ಕೆಳಗಿನಿಂದ ಅದರತ್ತ ತಿರುಗಿಸಿದರು. ಬಟ್ಟೆಗೆ ಬಡಿದು ಮರಳಿದ ಬೆಳಕು ಸರ್ವಜಯಾಳ ಮುಖದ ಮೇಲೆ, ಜ್ವರದಲ್ಲಿ ಮಲಗಿದ ಹರಿಹರನ ಮೇಲೆ ಮೆಲ್ಲಗೆ ಇಳಿಯಿತು.

‘ಚಾರುಲತಾ’ (1964) ಕೂಡ ಅವರದೇ ಕಣ್ಣು. ‘ನಾಯಕ್’ (1966) ಆದ ಮೇಲೆ ರಾಯ್ ಜೊತೆ ಮತ್ತೆ ಕೆಲಸ ಮಾಡಲಿಲ್ಲ. ಬಳಿಕ ಕೈಗೆತ್ತಿಕೊಂಡ ಚಿತ್ರಗಳು ಕೆಲವೇ. ‘ನ್ಯೂ ಡೆಲ್ಲಿ ಟೈಮ್ಸ್’ಗೆ ರಾಷ್ಟ್ರಪ್ರಶಸ್ತಿ ಬಂತು. ಕಲ್ಕತ್ತೆಯ ಚಲನಚಿತ್ರ ಸಂಸ್ಥೆಯಲ್ಲಿ ಹುಡುಗರಿಗೆ ಪಾಠ ಹೇಳಿದರು. 2001ರಲ್ಲಿ ತೀರಿಕೊಂಡರು.

ಅಜ್ಜಿಯದೆಂದು ನಮ್ಮಲ್ಲಿರುವುದು ಒಂದೇ ಫೋಟೋ. ಯಾರದೋ ಮದುವೆಯಲ್ಲಿ ಫ್ಲ್ಯಾಶ್ ಹೊಡೆದು ತೆಗೆದದ್ದು. ಬೆಚ್ಚಿದ ಕಣ್ಣು, ಬೆನ್ನ ಹಿಂದೆ ಕರೀ ನೆರಳು. ಅವಳು ಹಾಗಿರಲೇ ಇಲ್ಲ! ತೊಟ್ಟಿಯಲ್ಲಿ ದಿನವೂ ದುಡಿದವಳನ್ನು ಆ ಬೆಳಕಿನಲ್ಲಿ ಕೂರಿಸಿ ಒಂದು ಚಿತ್ರ ತೆಗೆಯಬೇಕೆಂದು ನಮಗೆ ಯಾರಿಗೂ ತೋಚಲಿಲ್ಲ. ಈಗ ಮನೆಯೂ ಇಲ್ಲ.

“ಮುತ್ತಜ್ಜಿ ಹೇಗಿದ್ದರಮ್ಮಾ?” ಎಂದು ಮಗಳು ಕೇಳಿದರೆ ಆ ಫೋಟೋ ತೋರಿಸುವುದಿಲ್ಲ. ‘ಅಪರಾಜಿತೋ’ ಹಾಕಿ, ಅಂಗಳದ ಸರ್ವಜಯಾಳನ್ನು ತೋರಿಸುತ್ತೇನೆ.