ಮಾಲೆಗೆ ಬಂದ ರಾಯಭಾರಿಗಳು

ನನ್ನ ಭಾವ ಮಾಲ್ದೀವ್ಸಿನ ಒಂದು ರೆಸಾರ್ಟಿನಲ್ಲಿ ಲೆಕ್ಕ ಬರೆಯುವ ಕೆಲಸ ಮಾಡುತ್ತಾನೆ. ಕಳೆದ ವರ್ಷ ಅವನ ಕಾಗದಪತ್ರಗಳನ್ನು ಜೋಡಿಸಿಡುವಾಗ ಒಂದು ವಿಚಿತ್ರ ಕಣ್ಣಿಗೆ ಬಿತ್ತು. ಮಂಜೇಶ್ವರದ ಜಾಗದ ವಿಷಯಕ್ಕೆ 2018ರಲ್ಲಿ ಮಾಡಿಸಿದ ಮುಕ್ತ್ಯಾರು ಪತ್ರದ ಮೇಲೆ ಇದ್ದದ್ದು ಮಾಲೆಯ ಭಾರತೀಯ ರಾಯಭಾರ ಕಚೇರಿಯ ಮೊಹರು. 2021ರ ಕಾಗದದ ಮೇಲೆ ಹೈಕಮಿಷನ್ನಿನದು. "ಇವೆರಡೂ ಬೇರೆ ಬೇರೆ ಆಫೀಸಾ?" ಎಂದು ಉಮ್ಮ ಕೇಳಿದರು. ಜಾಗದ ಕಾಗದ ನಕಲಿಯೋ ಏನೋ ಎಂಬ ಹೆದರಿಕೆ ಅವರಿಗೆ.

ಆಫೀಸು ಒಂದೇ. ಕಾಮನ್‌ವೆಲ್ತ್ ದೇಶಗಳು ಒಂದಕ್ಕೊಂದು ಕಳುಹಿಸುವ ರಾಯಭಾರಿಯನ್ನು ಹೈಕಮಿಷನರ್ ಎನ್ನುವುದು ರೂಢಿ. ಮಾಲ್ದೀವ್ಸ್ 1982ರಲ್ಲಿ ಆ ಕೂಟಕ್ಕೆ ಸೇರಿತು, 2016ರ ಅಕ್ಟೋಬರಿನಲ್ಲಿ ಸಿಟ್ಟಿನಿಂದ ಹೊರಬಂತು, 2020ರ ಫೆಬ್ರವರಿ 1ರಂದು ಮತ್ತೆ ಸೇರಿತು. ಆ ಮೂರು ಚಿಲ್ಲರೆ ವರ್ಷ ಅಲ್ಲಿದ್ದ ನಮ್ಮ ಅಧಿಕಾರಿ ರಾಯಭಾರಿ. ಸಂಜಯ್ ಸುಧೀರ್ ಅವರಂತೂ ಹೋದದ್ದು ರಾಯಭಾರಿಯಾಗಿ, ಕುಳಿತ ಕುರ್ಚಿಯಲ್ಲೇ ಹೈಕಮಿಷನರ್ ಆದರು. ಉಮ್ಮನಿಗೆ ಇಷ್ಟು ಸಾಕಾಯಿತು. ನನಗೆ ಸಾಕಾಗಲಿಲ್ಲ. ನಮ್ಮ ಕರಾವಳಿಯ ಎದುರಿಗೇ ಇರುವ ಆ ಪುಟ್ಟ ದ್ವೀಪಗಳಿಗೆ ಯಾರ್‍ಯಾರು ದೂತರಾಗಿ ಹೋಗಿದ್ದರು ಎಂದು ಹುಡುಕುತ್ತಾ ಹೋದೆ. ಹುಡುಕಾಟ ನಿಂತದ್ದು ನಮ್ಮ ಮಂಗಳೂರಿನ ಬಂದರಿನಲ್ಲೇ.

ಇಬ್ನ್ ಬತೂತ 1342ರಲ್ಲಿ ದೆಹಲಿಯಿಂದ ಹೊರಟದ್ದು ಪ್ರವಾಸಿಯಾಗಿ ಅಲ್ಲ. ಮುಹಮ್ಮದ್ ಬಿನ್ ತುಘಲಕ್ ಚೀನಾದ ಚಕ್ರವರ್ತಿಗೆ ಕಳುಹಿಸಿದ ರಾಯಭಾರಿಯಾಗಿ. ಹೊನ್ನಾವರ ದಾಟಿ ಬಾರ್ಕೂರಿನ ಎದುರು ಲಂಗರು ಹಾಕಿದಾಗ ಅಲ್ಲಿನ ಅರಸ ತನ್ನ ಮಗನನ್ನು ಹಡಗಿಗೆ ಒತ್ತೆಯಾಗಿ ಕಳುಹಿಸಿದ. ಆಮೇಲಷ್ಟೇ ಇವರು ದಡಕ್ಕಿಳಿದರು. ಮಂಗಳೂರಿನಲ್ಲೂ ಅದನ್ನೇ ಕೇಳಿದರು. ಊರಿನ ಖಾಝಿ ಬದ್ರುದ್ದೀನ್ ಹಡಗಿಗೆ ಬಂದು, ಬಾರ್ಕೂರಿನಲ್ಲಿ ಮುಸ್ಲಿಮರಿಗೆ ಬಲವಿಲ್ಲ, ಅದಕ್ಕೆ ಅಲ್ಲಿ ಒತ್ತೆ ಬೇಕಾಯಿತು, ಇಲ್ಲಿ ಅರಸನೇ ನಮಗೆ ಅಂಜುತ್ತಾನೆ, ಧೈರ್ಯವಾಗಿ ಇಳಿಯಿರಿ ಎಂದರಂತೆ. ರಾಯಭಾರಿ ಒಪ್ಪಲಿಲ್ಲ. ಕೊನೆಗೆ ಅರಸನ ಮಗ ಹಡಗು ಹತ್ತಿದ, ಇವರು ಇಳಿದು ಮೂರು ದಿನ ಉಂಡರು. ಮಂಗಳೂರಿನಲ್ಲಿ ಆಗ ಸುಮಾರು ನಾಲ್ಕು ಸಾವಿರ ಮುಸ್ಲಿಮರಿದ್ದರೆಂದು ಅವನು ಬರೆದದ್ದನ್ನು ನಮ್ಮ ಸಭೆಗಳಲ್ಲಿ ಹೆಮ್ಮೆಯಿಂದ ಹೇಳುತ್ತೇವೆ. ಈ ಒತ್ತೆಯ ಕಥೆಯನ್ನು ಮಾತ್ರ ಯಾಕೋ ಹೇಳುವುದಿಲ್ಲ. ಖಾಝಿಯ ಆ ಜಂಬದ ಮಾತು ಓದಿ ನನಗಂತೂ ನಗು ಬಂತು, ನಮ್ಮವರ ಮಾತೇ ಎನಿಸಿತು.

ಮುಂದೆ ಕಲ್ಲಿಕೋಟೆಯಲ್ಲಿ ಬಿರುಗಾಳಿಗೆ ಉಡುಗೊರೆಯ ಹಡಗು ಒಡೆದುಹೋಯಿತು. ಬರಿಗೈಯಲ್ಲಿ ದೆಹಲಿಗೆ ಮರಳಿದರೆ ತಲೆ ಉಳಿಯುವ ಭರವಸೆ ಇರಲಿಲ್ಲ. ಮತ್ತೆ ಹೊನ್ನಾವರಕ್ಕೆ ಬಂದ, ಅಲ್ಲಿನ ಸುಲ್ತಾನನ ಜೊತೆ ಗೋವೆಯ ಯುದ್ಧಕ್ಕೂ ಹೋದ, ಕೊನೆಗೆ ಮಾಲ್ದೀವ್ಸ್ ಸೇರಿದ. ಆಗ ಅಲ್ಲಿ ಆಳುತ್ತಿದ್ದದ್ದು ಖದೀಜ ಎಂಬ ರಾಣಿ. ವಿದ್ವಾಂಸ ಎಂದು ತಿಳಿದರೆ ಖಾಝಿ ಮಾಡಿ ಕೂರಿಸಿಬಿಡುತ್ತಾರೆಂದು ಇವನು ಗುರುತು ಮರೆಸಿ ಇರಲು ನೋಡಿದ. ಗುಟ್ಟು ಉಳಿಯಲಿಲ್ಲ, ಖಾಝಿಯಾದ. ಜುಮಾಕ್ಕೆ ಬಾರದವರನ್ನು ಹೊಡೆಸಿದ. ಕಳ್ಳನ ಕೈ ಕತ್ತರಿಸಲು ತೀರ್ಪು ಕೊಟ್ಟಾಗ ಅಲ್ಲಿ ಕುಳಿತಿದ್ದ ದ್ವೀಪದವರಲ್ಲಿ ಕೆಲವರು ಮೂರ್ಛೆ ಬಿದ್ದರೆಂದು ಅವನೇ ಬರೆದಿದ್ದಾನೆ. ರಾಣಿಯ ಗಂಡನಾದ ವಝೀರನ ಜೊತೆ ಜಗಳವಾಗಿ 1344ರಲ್ಲಿ ದ್ವೀಪ ಬಿಟ್ಟ. ಅಷ್ಟಕ್ಕೇ ಮುಗಿಯಲಿಲ್ಲ. ಮಧುರೆಯ ಸುಲ್ತಾನನ ಬಳಿ ಹೋಗಿ, ಉಂಡ ಮನೆಯಾದ ಮಾಲ್ದೀವ್ಸಿನ ಮೇಲೆಯೇ ದಂಡು ಕಳುಹಿಸಲು ಮಾತುಕತೆ ನಡೆಸಿದ. ದಂಡು ಹೊರಡಲಿಲ್ಲ ಎನ್ನುವುದು ದ್ವೀಪದ ಪುಣ್ಯ. ಆತನನ್ನು ನಮ್ಮಲ್ಲಿ ಬಹಳ ಗೌರವದಿಂದ ನೆನೆಯುತ್ತಾರೆ, ನೆನೆಯಬೇಕಾದದ್ದೇ. ಆದರೆ ಮಾಲೆಯಲ್ಲಿ ನಿಂತು ನೋಡಿದರೆ ಚಿತ್ರ ಬೇರೆ. ಹೊರಗಿನಿಂದ ಬಂದ ದೊಡ್ಡ ಮನುಷ್ಯನ ಬಗ್ಗೆ ಅವರಿಗೆ ಅನುಮಾನವಿದ್ದರೆ ತಪ್ಪೇನು?

ಆಮೇಲಿನ ಶತಮಾನಗಳಲ್ಲಿ ದೂತರು ಬಂದದ್ದಕ್ಕಿಂತ ದೂತರನ್ನು ಕಳುಹಿಸಿದ್ದೇ ಹೆಚ್ಚು. ಮಾಲ್ದೀವ್ಸಿನ ಸುಲ್ತಾನರು ವರ್ಷಕ್ಕೊಮ್ಮೆ ಕೊಲಂಬೊಗೆ ಓಲೆ, ಉಡುಗೊರೆ ಕಳುಹಿಸುತ್ತಿದ್ದರು: ಸಣ್ಣ ನೇಯ್ಗೆಯ ಚಾಪೆ, ಅರಗಿನ ಬಣ್ಣದ ಡಬ್ಬಿ, ಸಿಹಿತಿಂಡಿ. 1887ರ ಡಿಸೆಂಬರ್ 16ರ ಒಪ್ಪಂದದಲ್ಲಿ ದೇಶ ಬ್ರಿಟಿಷರ ರಕ್ಷಣೆಗೆ ಒಳಪಟ್ಟಿತು. ಆದರೂ ಬ್ರಿಟಿಷ್ ಗವರ್ನರ್ ಕುಳಿತದ್ದು ಸಿಲೋನಿನಲ್ಲೇ. ಆ ಕಾಲದಲ್ಲಿ ನಮ್ಮ ಕಡೆಯ ಸಂಗತಿಯೂ ಹೀಗೇ ಇತ್ತು. ಲಕ್ಷದ್ವೀಪದ ಅಮೀನಿ, ಕಡಮತ್, ಕಿಲ್ತಾನ್, ಚೆತ್ಲತ್, ಬಿತ್ರಾ ದ್ವೀಪಗಳನ್ನು 1956ರ ತನಕ ಆಳಿದ್ದು ದಕ್ಷಿಣ ಕನ್ನಡದ ಕಲೆಕ್ಟರು, ಮಂಗಳೂರಿನಲ್ಲಿ ಕುಳಿತು. ದ್ವೀಪದವರ ಕಷ್ಟಸುಖದ ಅರ್ಜಿ ತೆಂಗಿನ ನಾರಿನ ಜೊತೆ ಅದೇ ಹಡಗಿನಲ್ಲಿ ಬರಬೇಕಿತ್ತು.

1965ರ ಜುಲೈ 26ರಂದು ಮಾಲ್ದೀವ್ಸ್ ಸ್ವತಂತ್ರವಾಯಿತು. ಆ ಒಪ್ಪಂದಕ್ಕೆ ಸಹಿ ಬಿದ್ದದ್ದೂ ಮಾಲೆಯಲ್ಲಲ್ಲ, ಕೊಲಂಬೊದ ಬ್ರಿಟಿಷ್ ಹೈಕಮಿಷನರರ ಮನೆಯಲ್ಲಿ! ಪ್ರಧಾನಿ ಇಬ್ರಾಹಿಂ ನಾಸಿರ್ ಒಂದು ಕಡೆ, ಸರ್ ಮೈಕೆಲ್ ವಾಕರ್ ಇನ್ನೊಂದು ಕಡೆ. ಆಮೇಲೂ ಬ್ರಿಟನ್ನಿನ ರಾಯಭಾರಿ ಐವತ್ತಕ್ಕೂ ಹೆಚ್ಚು ವರ್ಷ ಕೊಲಂಬೊದಲ್ಲೇ ಕುಳಿತು ಮಾಲೆಯನ್ನೂ ನೋಡಿಕೊಂಡರು. ಮಾಲೆಯಲ್ಲೇ ವಾಸಿಸುವ ಬ್ರಿಟಿಷ್ ರಾಯಭಾರಿ ಬಂದದ್ದು ತೀರಾ ಇತ್ತೀಚೆಗೆ. ಅಮೆರಿಕದ ರಾಯಭಾರಿ ಹ್ಯೂಗೊ ಯಾನ್ ಬಂದದ್ದಂತೂ 2023ರಲ್ಲಿ. ಅದಕ್ಕೂ ಮೊದಲೇ, 2011ರಲ್ಲಿ, ಚೀನಾ ಕಚೇರಿ ತೆರೆದಿತ್ತು. ಚೀನಾ ಬಂದ ಮೇಲೆ ಉಳಿದವರಿಗೂ ದ್ವೀಪದ ದಾರಿ ನೆನಪಾಯಿತು ಎನ್ನುವುದು ನನ್ನ ಲೆಕ್ಕ.

ಭಾರತ ಮಾತ್ರ ಮೊದಲೇ ಬಂದಿತ್ತು. ಸ್ವತಂತ್ರ ಮಾಲ್ದೀವ್ಸನ್ನು ಮಾನ್ಯ ಮಾಡಿದ ಮೂರನೇ ದೇಶ ನಮ್ಮದು. 1972ರಲ್ಲಿ ಸಣ್ಣ ಕಚೇರಿ, 1980ರಲ್ಲಿ ಅಲ್ಲೇ ವಾಸಿಸುವ ಪೂರ್ಣ ಮುಖ್ಯಸ್ಥ. 1988ರ ನವೆಂಬರ್ 3ರಂದು ಶ್ರೀಲಂಕಾದ ಬಾಡಿಗೆ ಬಂದೂಕಿನವರು ಮಾಲೆಗೆ ನುಗ್ಗಿದಾಗ ನಮ್ಮ ಹೈಕಮಿಷನರ್ ಎ. ಕೆ. ಬ್ಯಾನರ್ಜಿ ದೆಹಲಿಯಲ್ಲಿದ್ದರು. ಆಗ್ರಾದಿಂದ ಹೊರಟ ಪ್ಯಾರಾಟ್ರೂಪರುಗಳ ವಿಮಾನದಲ್ಲಿ ಅವರೂ ಕುಳಿತು, ಕತ್ತಲಲ್ಲಿ ಹುಲುಲೆ ನಿಲ್ದಾಣಕ್ಕೆ ಇಳಿದರು. ಹೀಗೆ ಸೈನಿಕರ ಜೊತೆ ಕೆಲಸಕ್ಕೆ ಮರಳಿದ ರಾಯಭಾರಿ ಇನ್ನೊಬ್ಬರಿದ್ದಾರೋ ಇಲ್ಲವೋ.

ಆ ಕೃತಜ್ಞತೆ ಎಲ್ಲ ಕಾಲಕ್ಕೂ ಒಂದೇ ಸಮ ಉಳಿಯಲಿಲ್ಲ. 2012ರಲ್ಲಿ ವಿಮಾನ ನಿಲ್ದಾಣದ ಗುತ್ತಿಗೆಯ ಜಗಳದಲ್ಲಿ ಅಧ್ಯಕ್ಷರ ವಕ್ತಾರರೇ ಬಹಿರಂಗ ಸಭೆಯಲ್ಲಿ ಹೈಕಮಿಷನರ್ ಜ್ಞಾನೇಶ್ವರ ಮುಳೆಯವರನ್ನು ಮಾಲ್ದೀವ್ಸಿನ ವೈರಿ ಎಂದು ಕರೆದರು. ಮುಳೆಯವರು ಕೊಲ್ಲಾಪುರದ ಕಡೆಯ ಮರಾಠಿ ಲೇಖಕರು. ಮಾರನೇ ವರ್ಷ ಫೆಬ್ರವರಿ 13ರಂದು, ಬಂಧನದ ವಾರಂಟ್ ಇದ್ದ ಮಾಜಿ ಅಧ್ಯಕ್ಷ ಮುಹಮ್ಮದ್ ನಶೀದ್ ಅದೇ ಹೈಕಮಿಷನ್ ಒಳಗೆ ಹೋಗಿ ಕುಳಿತರು. 23ರ ತನಕ ಹೊರಬರಲಿಲ್ಲ. ಒಬ್ಬರಿಗೆ ವೈರಿಯ ಮನೆ, ಇನ್ನೊಬ್ಬರಿಗೆ ಆಸರೆಯ ಮನೆ.

ನಮ್ಮ ಮನೆಗೆ ಆ ಕಚೇರಿಯ ಬೆಲೆ ತಿಳಿದದ್ದು 2020ರ ನೋಂಬಿನಲ್ಲಿ. ರೆಸಾರ್ಟ್ ಮುಚ್ಚಿತ್ತು, ಸಂಬಳ ನಿಂತಿತ್ತು, ವಿಮಾನ ಇರಲಿಲ್ಲ. ಭಾವ ಹೈಕಮಿಷನ್ನಿನ ಪಟ್ಟಿಯಲ್ಲಿ ಹೆಸರು ಬರೆಸಿ ಕಾದ. ಮೇ 8ರಂದು ಐಎನ್‌ಎಸ್ ಜಲಾಶ್ವ ಮಾಲೆಯಿಂದ 698 ಜನರನ್ನು ಹತ್ತಿಸಿಕೊಂಡು ಹೊರಟಿತು, 10ರಂದು ಕೊಚ್ಚಿ ಮುಟ್ಟಿತು. ಅವನೂ ಅದರಲ್ಲಿದ್ದ. ಹಡಗಿನಲ್ಲೇ ನೋಂಬು ತೊರೆದೆ, ಖರ್ಜೂರ ಹಂಚಿ ತಿಂದೆವು ಎಂದು ಫೋನಿನಲ್ಲಿ ಹೇಳಿದ.

ಕೊಚ್ಚಿಯಿಂದ ಮಂಜೇಶ್ವರಕ್ಕೆ ಬಂದು ಕ್ವಾರಂಟೈನ್ ಮುಗಿಸಿದ. ತಂಗಿ ಹೆರಿಗೆಗೆಂದು ಉಳ್ಳಾಲದ ನಮ್ಮ ಮನೆಯಲ್ಲಿದ್ದಳು. ನಡುವೆ ಇದ್ದದ್ದು ತಲಪಾಡಿಯ ಗೇಟು ಮಾತ್ರ, ಅದಕ್ಕೆ ಪಾಸ್ ಬೇಕಿತ್ತು. ಸಮುದ್ರ ದಾಟಲು ಅವನಿಗೆ ಎರಡು ದಿನ ಹಿಡಿದಿತ್ತು. ತಲಪಾಡಿ ದಾಟಿ ಮಗುವಿನ ಮುಖ ನೋಡುವಾಗ ಪೆರ್ನಾಳ್ ಕಳೆದು ಎರಡು ವಾರವಾಗಿತ್ತು.