ಕಾಣುವ ಆಟಕ್ಕೆ ಎಷ್ಟು ಮಾತು ಬೇಕು?

ರೇಡಿಯೋದಲ್ಲಿ ವೀಕ್ಷಕ ವಿವರಣೆ ನೀಡುವವರ ಕೆಲಸ ಸ್ಪಷ್ಟ. ಕೇಳುಗನಿಗೆ ಮೈದಾನ ಕಾಣದು. ಚೆಂಡು ಯಾರ ಬಳಿ ಇದೆ, ಎತ್ತ ಹೋಯಿತು ಎಂಬುದನ್ನೆಲ್ಲ ಅವರೇ ಹೇಳಬೇಕು. ಟಿ.ವಿ. ಬಂದ ಮೇಲೆ ಈ ಲೆಕ್ಕ ತಲೆಕೆಳಗಾಯಿತು. ಎಲ್ಲವೂ ಕಣ್ಣೆದುರೇ ಇರುವಾಗ ಹೇಳುವುದೇನು, ಬಿಡುವುದೇನು? ಇಂಗ್ಲೆಂಡಿನ ಫುಟ್‌ಬಾಲ್‌ನಲ್ಲಿ ಈ ಪ್ರಶ್ನೆಯನ್ನು ಮೊದಲು ಎದುರಿಸಿದವರಲ್ಲಿ ಬಿಬಿಸಿಯ ಕೆನೆತ್ ವುಲ್ಸ್ಟನ್‌ಹೋಮ್ ಪ್ರಮುಖರು.

1920ರಲ್ಲಿ ಲ್ಯಾಂಕಶೈರಿನಲ್ಲಿ ಜನಿಸಿದ ಅವರು ಮ್ಯಾಂಚೆಸ್ಟರಿನಲ್ಲಿ ಪತ್ರಕರ್ತರಾಗಿ ವೃತ್ತಿ ಆರಂಭಿಸಿದರು. ಎರಡನೇ ಮಹಾಯುದ್ಧದಲ್ಲಿ ಬಾಂಬರ್ ವಿಮಾನಗಳ ಪೈಲಟ್ ಆಗಿ ನೂರು ಕಾರ್ಯಾಚರಣೆಗಳಲ್ಲಿ ಭಾಗವಹಿಸಿ, ಡಿ.ಎಫ್.ಸಿ. ಶೌರ್ಯ ಪದಕವನ್ನು ಎರಡು ಬಾರಿ ಪಡೆದರು. ಯುದ್ಧಾನಂತರ ಬಿಬಿಸಿಯ ಧ್ವನಿಯಾದರು.

ಆಗ ಕ್ಲಬ್ಬುಗಳಿಗೆ ಟಿ.ವಿ. ಎಂದರೆ ಅಳುಕು. ಮನೆಯಲ್ಲೇ ಆಟ ಕಂಡರೆ ಟಿಕೆಟ್ ಕೊಂಡು ಬರುವವರಾರು? ಆದ್ದರಿಂದ 1964ರ ಆಗಸ್ಟ್ 22ರಂದು ಆರಂಭವಾದ ‘ಮ್ಯಾಚ್ ಆಫ್ ದಿ ಡೇ’ಯಲ್ಲಿ ತೋರಿಸಿದ್ದು ಮುಗಿದ ಪಂದ್ಯದ ಮುಖ್ಯ ಭಾಗಗಳನ್ನಷ್ಟೆ. ಲಿವರ್‌ಪೂಲ್ ತಂಡ ಆರ್ಸೆನಲ್ ತಂಡವನ್ನು 3-2ರಿಂದ ಸೋಲಿಸಿದ ಆ ಪಂದ್ಯಕ್ಕೆ ವಿವರಣೆ ವುಲ್ಸ್ಟನ್‌ಹೋಮ್ ಅವರದು. ಬೀಟಲ್ಸ್ ತಂಡದ ಊರೆಂದು ಲಿವರ್‌ಪೂಲನ್ನು ಅವರು ‘ಬೀಟಲ್‌ವಿಲ್’ ಎಂದು ಕರೆದರು. ಬಿಬಿಸಿ-2 ಆಗ ಲಂಡನ್ ಸುತ್ತಮುತ್ತ ಮಾತ್ರ ಸಿಗುತ್ತಿತ್ತು. ನೋಡಿದವರು ಸುಮಾರು 20 ಸಾವಿರ. ಕ್ರೀಡಾಂಗಣದಲ್ಲಿದ್ದವರೇ ಅದರ ಎರಡು ಪಟ್ಟಿಗೂ ಹೆಚ್ಚು!

ಎರಡೇ ವರ್ಷದಲ್ಲಿ ಚಿತ್ರ ಬದಲಾಯಿತು. 1966ರ ಜುಲೈ 30ರಂದು ವೆಂಬ್ಲಿಯಲ್ಲಿ ನಡೆದ ವಿಶ್ವಕಪ್ ಫೈನಲ್ಲನ್ನು ಬ್ರಿಟನ್ನಿನಲ್ಲಿ ಮೂರು ಕೋಟಿಗೂ ಹೆಚ್ಚು ಮಂದಿ ಟಿ.ವಿ.ಯಲ್ಲಿ ನೋಡಿದರು. ಹೆಚ್ಚುವರಿ ಸಮಯದ ಕೊನೆಯ ಕ್ಷಣ. ಪಶ್ಚಿಮ ಜರ್ಮನಿಯ ವಿರುದ್ಧ ಇಂಗ್ಲೆಂಡ್ 3-2ರಿಂದ ಮುಂದಿತ್ತು. ಜೆಫ್ ಹರ್ಸ್ಟ್ ಚೆಂಡಿನೊಂದಿಗೆ ನುಗ್ಗುತ್ತಿದ್ದಾಗ ಕೆಲವು ಪ್ರೇಕ್ಷಕರು ಒಳಗೆ ಓಡಿಬಂದರು. ‘ಕೆಲವರು ಮೈದಾನಕ್ಕಿಳಿದಿದ್ದಾರೆ. ಆಟ ಮುಗಿಯಿತೆಂದು ಅವರ ಎಣಿಕೆ’ ಎಂದರು ವುಲ್ಸ್ಟನ್‌ಹೋಮ್. ಅಷ್ಟರಲ್ಲಿ ಚೆಂಡು ಬಲೆ ಸೇರಿತು. ‘ಈಗ ಮುಗಿಯಿತು!’

ಆಟಗಾರನ ಓಟವನ್ನಾಗಲಿ, ಒದೆತವನ್ನಾಗಲಿ ಅವರು ಬಣ್ಣಿಸಲಿಲ್ಲ. ಅದು ಕಾಣುತ್ತಲೇ ಇತ್ತು. ಆ ಜನ ಏಕೆ ಓಡಿಬಂದರು ಎಂಬುದನ್ನಷ್ಟೇ ಹೇಳಿದರು. ಟಿ.ವಿ. ವಿವರಣೆಯ ಗುಟ್ಟು ಇಲ್ಲಿದೆ.

ಆದರೆ ಖ್ಯಾತಿ ಕುರ್ಚಿಯನ್ನು ಕಾಯಲಿಲ್ಲ. ಬಿಬಿಸಿ ಡೇವಿಡ್ ಕೋಲ್ಮನ್ ಅವರಿಗೆ ಅಗ್ರಸ್ಥಾನ ನೀಡತೊಡಗಿದಾಗ, 1971ರಲ್ಲಿ ಅವರು ಹೊರನಡೆದರು. ಮುಂದೆ 1990ರ ದಶಕದಲ್ಲಿ ಚಾನೆಲ್ ಫೋರ್‌ನ ಇಟಲಿ ಫುಟ್‌ಬಾಲ್ ಕಾರ್ಯಕ್ರಮದಲ್ಲಿ ಅವರ ಧ್ವನಿ ಮತ್ತೆ ಕೇಳಿಸಿತು. 1995ರಲ್ಲಿ ಬಿಬಿಸಿ ಆರಂಭಿಸಿದ ಹಾಸ್ಯ ಕ್ವಿಜ್ ಒಂದಕ್ಕೆ ಅವರದೇ ಮಾತು ಹೆಸರಾಯಿತು. 2002ರ ಮಾರ್ಚ್ 25ರಂದು ಅವರು ನಿಧನರಾದರು. ಎರಡು ದಶಕಗಳಿಗೂ ಮೀರಿದ ಬಿಬಿಸಿ ದುಡಿಮೆಯಲ್ಲಿ ಜನರ ನಾಲಿಗೆಯ ಮೇಲೆ ಉಳಿದದ್ದು ಕೆಲವೇ ಸೆಕೆಂಡುಗಳ ಮಾತು.