ದನಿಗೆ ಬಿಟ್ಟ ಎಡೆ: ಜಪಾನಿನ ಮೂಕಿಚಿತ್ರಗಳ ಛಾಯಾಗ್ರಹಣ ಮತ್ತು ಸಂಕಲನ

1899ರ ನವೆಂಬರಿನಲ್ಲಿ ಟೋಕಿಯೋದ ಕಬುಕಿ-ಜಾ ರಂಗಮಂದಿರದ ಹಿಂಬದಿಯ ಬಯಲಲ್ಲಿ ಶಿಬಾತಾ ತ್ಸುನೆಕಿಚಿ ‘ಮೊಮಿಜಿಗಾರಿ’ ನಾಟಕದ ದೃಶ್ಯಗಳನ್ನು ಚಿತ್ರೀಕರಿಸಿದರು. ಒಂಬತ್ತನೆಯ ಇಚಿಕಾವಾ ದಾಂಜೂರೋ ಕುಣಿಯುತ್ತಿದ್ದಾಗ ಗಾಳಿ ಬೀಸಿ, ಕೈಯಲ್ಲಿದ್ದ ಬೀಸಣಿಗೆ ಹಾರಿಹೋಯಿತು. ಆ ಗಳಿಗೆ ಇಂದಿಗೂ ಚಿತ್ರದಲ್ಲಿ ಹಾಗೆಯೇ ಉಳಿದಿದೆ.

ಕ್ಯಾಮೆರಾ ನೆಟ್ಟಲ್ಲೇ ನಿಂತಿದೆ, ನಟನ ಇಡೀ ದೇಹ ಚೌಕಟ್ಟಿನೊಳಗಿದೆ. ಮುಂದಿನ ಸುಮಾರು ಎರಡು ದಶಕ ಜಪಾನಿನ ಕಥಾಚಿತ್ರಗಳಲ್ಲಿ ಹೆಚ್ಚಿನವು ಈ ಜಾಡಿನಲ್ಲೇ ನಡೆದವು. ಇದನ್ನು ಕಲೆಯ ಶೈಶವ ಎಂದು ಬದಿಗೆ ಸರಿಸುವ ವಾಡಿಕೆಯನ್ನು ನಾನು ಒಪ್ಪಲಾರೆ. ಪರದೆಯ ಪಕ್ಕದಲ್ಲಿ ಬೆನ್ಶಿ ಎಂಬ ನಿರೂಪಕ ಇರುತ್ತಿದ್ದ. ಪಾತ್ರಗಳ ಮಾತು, ಕಥೆಯ ಎಳೆ, ಭಾವದ ಏರಿಳಿತ ಎಲ್ಲವೂ ಅವನ ಬಾಯಲ್ಲಿ. ಶಾಟ್ ಉದ್ದವಾದಷ್ಟೂ ಅವನ ದನಿಗೆ ಎಡೆ ಹೆಚ್ಚು. ಪ್ರೇಕ್ಷಕರ ಕಣ್ಣನ್ನು ಒಂದು ಮುಖದತ್ತಲೋ ಕೈಯತ್ತಲೋ ಸೆಳೆಯುವ, ಕ್ಲೋಸಪ್ ಮಾಡಬೇಕಾದ ಕೆಲಸವನ್ನು ಅವನ ಮಾತೇ ಮಾಡಬಲ್ಲುದಾಗಿತ್ತು. ಅಂದರೆ ಸಂಕಲನದ ಒಂದು ಪಾಲು ಪ್ರದರ್ಶನದ ಹೊತ್ತಿನಲ್ಲೇ ನಡೆಯುತ್ತಿತ್ತು.

1910ರ ದಶಕದ ಕೊನೆಗೆ ಕಾಯೆರಿಯಾಮಾ ನೊರಿಮಾಸಾ ಮೊದಲಾದವರ ‘ಶುದ್ಧ ಚಲನಚಿತ್ರ’ ಚಳವಳಿ ಈ ಹಂಚಿಕೆಯನ್ನೇ ಪ್ರಶ್ನಿಸಿತು. ಕ್ಲೋಸಪ್ ಬೇಕು, ಬರಹದ ಫಲಕಗಳು ಬೇಕು, ಸ್ತ್ರೀಪಾತ್ರಕ್ಕೆ ನಟಿಯರೇ ಬೇಕು ಎಂದಿತು. 1921ರಲ್ಲಿ ಮುರಾತಾ ಮಿನೋರು ‘ರೋಜೋ ನೊ ರೇಕೊನ್’ ಚಿತ್ರದಲ್ಲಿ ಕ್ಷಮೆ ಸಿಕ್ಕವರ ಕಥೆಯನ್ನೂ ಸಿಗದವರ ಕಥೆಯನ್ನೂ ಒಂದರೊಳಗೊಂದು ಹೆಣೆದರು.

ಆದರೆ ಈ ಇತಿಹಾಸದ ನಿಜವಾದ ಒರೆಗಲ್ಲು ಕಿನುಗಾಸಾ ತೆಯಿನೊಸುಕೆ ಅವರ ‘ಕುರುತ್ತಾ ಇಪ್ಪೇಜಿ’ (1926). ನಿರ್ದೇಶಕರು ಹಿಂದೆ ಸ್ತ್ರೀಪಾತ್ರಧಾರಿ. ಚಳವಳಿ ಹೊರದಬ್ಬಲು ಹೊರಟ ಪರಂಪರೆಯಿಂದಲೇ ಬಂದವರು. ಛಾಯಾಗ್ರಹಣ ಸುಗಿಯಾಮಾ ಕೋಹೇ ಅವರದು. ದೀಪಗಳು ಸಾಲದೆ, ಬೆಳಕು ಪುಟಿಯಲೆಂದು ಸೆಟ್ಟಿನ ಗೋಡೆಗಳಿಗೆ ಬೆಳ್ಳಿಬಣ್ಣ ಬಳಿದರಂತೆ.

ಅದರ ಮೊದಲ ನಿಮಿಷಗಳನ್ನೇ ನೋಡೋಣ. ಇರುಳು, ಸುರಿವ ಮಳೆ, ಮಿಂಚು. ಥಟ್ಟನೆ ತಿರುಗುವ ದೊಡ್ಡ ಗೋಳದ ಮುಂದೆ ಹೊಳೆವ ಉಡುಪಿನ ನರ್ತಕಿ. ಕ್ಯಾಮೆರಾ ಹಿಂದೆ ಸರಿದಂತೆ ಕಬ್ಬಿಣದ ಸರಳುಗಳು ಅಡ್ಡ ಬರುತ್ತವೆ. ಅದು ಮಾನಸಿಕ ಆಸ್ಪತ್ರೆಯ ಕೋಣೆ. ಅವಳಿಗೆ ಮಾತ್ರ ಕೇಳುವ ಡೋಲು, ಕಹಳೆಗಳು ನಡುನಡುವೆ ಮಿಂಚಿ ಮರೆಯಾಗುತ್ತವೆ. ಸದ್ದಿಲ್ಲದ ಚಿತ್ರದಲ್ಲಿ ಸದ್ದನ್ನು ಕಣ್ಣಿಗೆ ಕಾಣಿಸುವ ಇಂಥ ಸಂಕಲನ ಇಂದಿಗೂ ಮೈ ನವಿರೇಳಿಸುತ್ತದೆ.

ಚಿತ್ರದಲ್ಲಿ ಬರಹದ ಫಲಕ ಒಂದೂ ಇಲ್ಲ. ಇದನ್ನು ಮಾತಿನಿಂದ ಪಡೆದ ಪೂರ್ಣ ಬಿಡುಗಡೆ ಎಂದು ಬಣ್ಣಿಸುವವರು ಒಂದು ಸಂಗತಿಯನ್ನು ಮರೆಯುತ್ತಾರೆ: ಶಿಂಜುಕುವಿನ ಮುಸಾಶಿನೊಕಾನ್ ಚಿತ್ರಮಂದಿರದಲ್ಲಿ ಇದಕ್ಕೆ ದನಿ ಕೊಟ್ಟವರು ಹೆಸರಾಂತ ಬೆನ್ಶಿ ತೊಕುಗಾವಾ ಮುಸೇ. ಆಸ್ಪತ್ರೆಯಲ್ಲಿ ಕೆಲಸ ಮಾಡುವ ಆಳು ಯಾರು, ಸರಳುಗಳ ಹಿಂದಿನ ಇನ್ನೊಬ್ಬ ಹೆಂಗಸು ಅವನಿಗೆ ಏನಾಗಬೇಕು ಎಂಬುದನ್ನು ತಿಳಿಸಲು ದನಿಯೊಂದು ಅಲ್ಲಿತ್ತು. ಕಥೆಯ ಹೊರೆ ದನಿಯ ಹೆಗಲಲ್ಲಿದ್ದುದರಿಂದಲೇ ಸಂಕಲನ ಪೂರ್ತಿ ಭಾವಕ್ಕೆ ಒಲಿಯಬಲ್ಲುದಾಯಿತು ಎಂದು ನನಗನಿಸುತ್ತದೆ.

ಕಳೆದೇಹೋಯಿತೆಂದುಕೊಂಡಿದ್ದ ಪ್ರತಿ 1971ರಲ್ಲಿ ಕಿನುಗಾಸಾ ಅವರ ಉಗ್ರಾಣದಲ್ಲೇ ಸಿಕ್ಕಿತು. ನಾವು ಇಂದು ನೋಡುವುದು ಅದನ್ನೇ, ಮುಸೇ ಅವರ ದನಿ ಇಲ್ಲದೆ.